ಸ್ಯಾನ್ ಡಿಯಾಗೋ ಸಾಕರ್ಸ್: ಪದೇ ಪದೇ ಕೇಳುವ ಪ್ರಶ್ನೆಗಳು

ಸಾಕರ್ಸ್ ಅಂದರೆ ಯಾರು? ಎರಡೇ ಮಾತಲ್ಲಿ ಹೇಳಿ.

ಅಮೆರಿಕದ ಕ್ಯಾಲಿಫೋರ್ನಿಯಾ ರಾಜ್ಯದ ಸ್ಯಾನ್ ಡಿಯಾಗೋ ನಗರದ ವೃತ್ತಿಪರ ಒಳಾಂಗಣ ಫುಟ್‌ಬಾಲ್ ತಂಡ. 1981-82ರಿಂದ 1991-92ರ ವರೆಗಿನ 11 ಒಳಾಂಗಣ ಸೀಸನ್‌ಗಳಲ್ಲಿ 10 ಸಲ ಕಪ್ ಗೆದ್ದರು. ಇಷ್ಟು ಗೆದ್ದ ತಂಡ ಎರಡು ಸಲ ಬಾಗಿಲು ಮುಚ್ಚಿಕೊಂಡಿತು, ಎರಡು ಸಲ ಮತ್ತೆ ತೆರೆಯಿತು. ಗೆದ್ದಿದ್ದು ಹೇಗೆ ಅನ್ನುವುದಕ್ಕಿಂತ, ಗೆಲ್ಲುತ್ತಾ ಇದ್ದೂ ಮುಳುಗಿದ್ದು ಹೇಗೆ ಅನ್ನುವ ಕಥೆಯೇ ನನಗೆ ಜಾಸ್ತಿ ಕುತೂಹಲದ್ದು.

ಇದು ಫುಟ್ಸಾಲ್ ತಾನೇ?

ಅಲ್ಲ. ಇದು ಎಲ್ಲರೂ ಮಾಡಿಕೊಳ್ಳುವ ಗೊಂದಲ. ಫುಟ್ಸಾಲ್‌ನಲ್ಲಿ ಗೋಡೆ ಇರುವುದಿಲ್ಲ, ಚೆಂಡು ಗೆರೆ ದಾಟಿದರೆ ಔಟ್. ಚೆಂಡೂ ಜಾಸ್ತಿ ಪುಟಿಯುವುದಿಲ್ಲ. 2016ರಲ್ಲಿ ನಮ್ಮಲ್ಲಿ ಪ್ರೀಮಿಯರ್ ಫುಟ್ಸಾಲ್ ನಡೆದು, ಬೆಂಗಳೂರು ತಂಡಕ್ಕೆ ಪಾಲ್ ಸ್ಕೋಲ್ಸ್ ಬಂದಿದ್ದು ನೆನಪಿರಬಹುದು. ಅದು ಆ ಆಟ.

ಸಾಕರ್ಸ್ ಆಡುವುದು ಬೇರೆ. ಐಸ್ ಹಾಕಿ ಅಂಕಣವನ್ನು ತೆಗೆದುಕೊಳ್ಳಿ, ಸುಮಾರು 200 ಅಡಿ ಉದ್ದ, 85 ಅಡಿ ಅಗಲ. ಐಸ್ ಮೇಲೆ ಕೃತಕ ಹುಲ್ಲು ಹಾಸಿ. ಸುತ್ತಲಿನ ಮರದ ಗೋಡೆ, ಅದರ ಮೇಲಿನ ಗಾಜು ಹಾಗೇ ಇರಲಿ. ಗೋಲ್ ಪೆಟ್ಟಿಗೆಯನ್ನು ಆ ಗೋಡೆಯೊಳಗೇ ಕೂರಿಸಿ. ಒಂದು ಕಡೆ ಗೋಲಿ, ಅಂದರೆ ಗೋಲ್‌ಕೀಪರ್, ಸೇರಿ ಆರು ಜನ. 15 ನಿಮಿಷದ ನಾಲ್ಕು ಕ್ವಾರ್ಟರ್. ಆಟಗಾರರನ್ನು ಎಷ್ಟು ಸಲ ಬೇಕಾದರೂ, ಆಟ ನಡೆಯುತ್ತಿರುವಾಗಲೇ ಬದಲಾಯಿಸಬಹುದು.

ಗೋಡೆಗೆ ಬಡಿದ ಚೆಂಡು ಔಟ್ ಅಲ್ಲ. ಎಲ್ಲ ಮಜಾ ಇರುವುದೇ ಅಲ್ಲಿ. ಕ್ಯಾರಂನಲ್ಲಿ ಅಂಚಿಗೆ ಹೊಡೆದು ಕಾಯಿ ಹಾಕುತ್ತೀವಲ್ಲ, ಹಾಗೆ ಡಿಫೆಂಡರ್ ಎದುರಿಗೆ ನಿಂತಿದ್ದರೆ ಪಕ್ಕದ ಗೋಡೆಗೆ ಒದ್ದು, ಅವನ ಬೆನ್ನ ಹಿಂದೆ ತಾನೇ ಹೋಗಿ ಚೆಂಡು ತೆಗೆದುಕೊಳ್ಳಬಹುದು. ಗೋಲಿನ ಪಕ್ಕದ ಗೋಡೆಗೆ ಬೇಕಂತಲೇ ಜೋರಾಗಿ ಹೊಡೆಯುವುದೂ ಉಂಟು. ಗೋಲಿ ಆ ಕಡೆ ಹಾರಿರುತ್ತಾನೆ, ಚೆಂಡು ವಾಪಸ್ ಬಂದು ಎದುರಿಗೆ ನಿಂತವನ ಕಾಲಿಗೆ ಸಿಗುತ್ತದೆ, ಮುಂದೆ ಬರೀ ತಳ್ಳಿದರೆ ಸಾಕು. ಮೊದಲ ಸಲ ನೋಡುವವರಿಗೆ ಹೊಡೆತ ಗುರಿ ತಪ್ಪಿತು ಅನ್ನಿಸುತ್ತದೆ. ತಪ್ಪಿರುವುದಿಲ್ಲ.

ಆಫ್‌ಸೈಡ್, ಕಾರ್ಡು ಎಲ್ಲ ಹೇಗೆ?

ಈಗಿನ ಆಟದಲ್ಲಿ ಆಫ್‌ಸೈಡ್ ಇಲ್ಲ. ಆದರೆ ಅಂಕಣದ ಅಡ್ಡ ಎಳೆದ ಮೂರು ಗೆರೆಗಳನ್ನೂ ಒಂದೇ ಏಟಿಗೆ ಗಾಳಿಯಲ್ಲಿ ದಾಟಿಸುವ ಹಾಗಿಲ್ಲ. ಗೋಲಿ ಸುಮ್ನೆ ಉದ್ದಕ್ಕೆ ಒದ್ದು ಕೈ ತೊಳೆದುಕೊಳ್ಳಬಾರದು ಅಂತ ಈ ನಿಯಮ.

ನೀಲಿ ಕಾರ್ಡು ಸಿಕ್ಕರೆ ಎರಡು ನಿಮಿಷ ಹೊರಗೆ, ಹಾಕಿಯಲ್ಲಿ ಕೂರಿಸುವ ಹಾಗೆಯೇ. ಅಷ್ಟು ಹೊತ್ತು ಎದುರಾಳಿಗೆ ಒಬ್ಬ ಜಾಸ್ತಿ. ಇದೇ ಪವರ್ ಪ್ಲೇ. ಆ ಮಧ್ಯೆ ಗೋಲ್ ಬಿದ್ದರೆ ಶಿಕ್ಷೆ ಅಲ್ಲಿಗೆ ಮುಗಿಯಿತು. ಕೊನೆಯ ನಿಮಿಷಗಳಲ್ಲಿ ಹಿಂದೆ ಬಿದ್ದ ತಂಡ ಗೋಲಿಯನ್ನು ಹೊರಗೆ ಕರೆದು ಆರನೇ ದಾಳಿಗಾರನನ್ನು ಇಳಿಸುತ್ತದೆ. ಒಂದೋ ಇವರು ಸಮ ಮಾಡಿಕೊಳ್ಳುತ್ತಾರೆ, ಇಲ್ಲವೋ ಆ ಕಡೆಯಿಂದ ಖಾಲಿ ಗೋಲ್ ಪೆಟ್ಟಿಗೆಗೆ ಚೆಂಡು ಬರುತ್ತದೆ.

ಈ ಆಟ ಶುರುವಾಗಿದ್ದಾದರೂ ಹೇಗೆ?

ಒಳಾಂಗಣದಲ್ಲಿ ಫುಟ್‌ಬಾಲ್ ಆಡುವುದು ಹಳೇದೇ. ದುಡ್ಡು ಹಾಕುವವರ ಕಣ್ಣಿಗೆ ಬಿದ್ದಿದ್ದು 1974ರ ಫೆಬ್ರವರಿಯಲ್ಲಿ. ಮಾಸ್ಕೋದ ಸೇನಾ ತಂಡ ಫಿಲಡೆಲ್ಫಿಯಾಕ್ಕೆ ಬಂದು, ಸ್ಪೆಕ್ಟ್ರಮ್ ಅಂಕಣದಲ್ಲಿ ಫಿಲಡೆಲ್ಫಿಯಾ ಆಟಮ್ಸ್ ಜೊತೆ ಆಡಿತು. ಮಾಸ್ಕೋ 6-3ರಲ್ಲಿ ಗೆದ್ದಿತು. ಜನ 11,000ಕ್ಕಿಂತ ಜಾಸ್ತಿ ಸೇರಿದ್ದರು. ಅದರಿಂದ ಹುರುಪು ಪಡೆದವರು ಎಡ್ ಟೆಪ್ಪರ್ ಮತ್ತು ಅರ್ಲ್ ಫೋರ್‌ಮನ್. 1978ರಲ್ಲಿ ಇಬ್ಬರೂ ಸೇರಿ ಮೇಜರ್ ಇಂಡೋರ್ ಸಾಕರ್ ಲೀಗ್ ಕಟ್ಟಿದರು. ಮುಂದೆ ಇದನ್ನು ಎಂಐಎಸ್‌ಎಲ್ ಅಂತಲೇ ಕರೆಯೋಣ.

ಅವರ ಲೆಕ್ಕ ಸರಳ. ಅಮೆರಿಕದ ಜನರಿಗೆ ಗೋಲ್ ಬೀಳದ ಆಟ ಬೇಜಾರು, ಹಾಗಾಗಿ ಗೋಲ್ ಜಾಸ್ತಿ ಬೀಳುವಂತೆ ಮಾಡೋಣ. ಟಿವಿಯಲ್ಲಿ, ಗ್ಯಾಲರಿಯಲ್ಲಿ ಚೆನ್ನಾಗಿ ಕಾಣಲಿ ಅಂತ ಕೆಂಬಣ್ಣದ ಚೆಂಡು ಇಟ್ಟರು. ದೀಪ ಆರಿಸಿ, ಹೊಗೆ ಬಿಟ್ಟು, ಜೋರು ಸಂಗೀತದ ನಡುವೆ ಆಟಗಾರರನ್ನು ಒಬ್ಬೊಬ್ಬರನ್ನಾಗಿ ಓಡಿಸಿಕೊಂಡು ಬಂದರು. ಈಗ ಕಬಡ್ಡಿ ಲೀಗ್ ನೋಡಿದವರಿಗೆ ಇದರಲ್ಲಿ ಏನೂ ವಿಶೇಷ ಕಾಣುವುದಿಲ್ಲ. ಆ ಕಾಲಕ್ಕೆ ಹೊಸದು.

ಸಾಕರ್ಸ್ ಮೊದಲಿಂದಲೂ ಒಳಾಂಗಣ ತಂಡವೇ?

ಅಲ್ಲ. ಮೊದಲು ಹೊರಾಂಗಣ. ಅದೂ ಹುಟ್ಟೂರು ಸ್ಯಾನ್ ಡಿಯಾಗೋ ಅಲ್ಲ. 1974ರಲ್ಲಿ ಬಾಲ್ಟಿಮೋರ್ ಕಾಮೆಟ್ಸ್ ಅಂತ ನಾರ್ತ್ ಅಮೆರಿಕನ್ ಸಾಕರ್ ಲೀಗ್‌ನಲ್ಲಿ, ಅಂದರೆ ಎನ್‌ಎಎಸ್‌ಎಲ್‌ನಲ್ಲಿ ಹುಟ್ಟಿದ ತಂಡ. 1976ರಲ್ಲಿ ಸ್ಯಾನ್ ಡಿಯಾಗೋಗೆ ಬಂದು ಜಾಸ್ ಆಯಿತು. ಮರು ವರ್ಷ ಲಾಸ್ ವೇಗಸ್‌ಗೆ ಹೋಗಿ ಕ್ವಿಕ್‌ಸಿಲ್ವರ್ಸ್ ಆಯಿತು. ಪೋರ್ಚುಗಲ್‌ನ ಯುಸೇಬಿಯೋ ತಮ್ಮ ಕೊನೆಗಾಲದಲ್ಲಿ ಆ ಒಂದು ಸೀಸನ್ ಅಲ್ಲಿ ಆಡಿದ್ದರು ಅಂದರೆ ನಂಬುವುದು ಕಷ್ಟ, ಆದರೆ ನಿಜ. 1978ರಲ್ಲಿ ಬಾಬ್ ಬೆಲ್ ಒಡೆತನದಲ್ಲಿ ಮತ್ತೆ ಸ್ಯಾನ್ ಡಿಯಾಗೋಗೆ ವಾಪಸ್. ಆಗ ಬಂತು ಸಾಕರ್ಸ್ ಅನ್ನುವ ಹೆಸರು.

ಹೊರಾಂಗಣದಲ್ಲಿ ಚೆನ್ನಾಗೇ ಆಡುತ್ತಿದ್ದರು, ಆದರೆ ಒಂದು ಸಲವೂ ಎನ್‌ಎಎಸ್‌ಎಲ್ ಫೈನಲ್ ಮುಟ್ಟಲಿಲ್ಲ. ಒಳಗೆ ಬಂದರೆ ಸೋಲೇ ಇಲ್ಲ. ಒಂದೇ ತಂಡ, ಅದೇ ಕೋಚ್, ಹೆಚ್ಚುಕಡಿಮೆ ಅದೇ ಆಟಗಾರರು.

ಹತ್ತು ಕಪ್‌ಗಳು ಯಾವ ಯಾವ ವರ್ಷ? ಎದುರಾಳಿ ಯಾರು?

ಶುರುವಾಗಿದ್ದು ಎನ್‌ಎಎಸ್‌ಎಲ್ ಚಳಿಗಾಲದಲ್ಲಿ ನಡೆಸುತ್ತಿದ್ದ ಒಳಾಂಗಣ ಲೀಗ್‌ನಲ್ಲಿ. 1982ರಲ್ಲಿ ಟಾಂಪಾ ಬೇ ರೌಡೀಸ್ ವಿರುದ್ಧ ಮೊದಲ ಕಪ್. ಮುಂದಿನ ಚಳಿಗಾಲ ಎನ್‌ಎಎಸ್‌ಎಲ್ ಒಳಾಂಗಣ ಸೀಸನ್ ನಡೆಸಲೇ ಇಲ್ಲ. ಹಾಗಾಗಿ ಸಾಕರ್ಸ್, ಇನ್ನೆರಡು ತಂಡಗಳ ಜೊತೆ, ಎಂಐಎಸ್‌ಎಲ್‌ಗೆ ಹೋಗಿ ಆಡಿತು. ಅತಿಥಿಯಾಗಿ ಹೋದವರು ಬಾಲ್ಟಿಮೋರ್ ಬ್ಲಾಸ್ಟ್ ತಂಡವನ್ನು ಸೋಲಿಸಿ ಆ ಮನೆಯ ಕಪ್ಪನ್ನೇ ತಂದರು. 1984ರಲ್ಲಿ ಮತ್ತೆ ಎನ್‌ಎಎಸ್‌ಎಲ್‌ನಲ್ಲಿ ಆಡಿ ನ್ಯೂಯಾರ್ಕ್ ಕಾಸ್ಮೋಸ್ ವಿರುದ್ಧ ಗೆದ್ದರು.

1985ರಲ್ಲಿ ಎನ್‌ಎಎಸ್‌ಎಲ್ ಮುಚ್ಚಿತು. ಅಷ್ಟರಲ್ಲಾಗಲೇ ಸಾಕರ್ಸ್ ಎಂಐಎಸ್‌ಎಲ್‌ಗೆ ಬಂದು ನೆಲೆಸಿತ್ತು. ಆ ವರ್ಷ ಬಾಲ್ಟಿಮೋರ್, 1986ರಲ್ಲಿ ಮಿನೆಸೋಟ ಸ್ಟ್ರೈಕರ್ಸ್, 1988ರಲ್ಲಿ ಕ್ಲೀವ್‌ಲ್ಯಾಂಡ್ ಫೋರ್ಸ್, 1989 ಮತ್ತು 1990ರಲ್ಲಿ ಮತ್ತೆ ಬಾಲ್ಟಿಮೋರ್, 1991ರಲ್ಲಿ ಕ್ಲೀವ್‌ಲ್ಯಾಂಡ್ ಕ್ರಂಚ್, 1992ರಲ್ಲಿ ಡಲ್ಲಾಸ್ ಸೈಡ್‌ಕಿಕ್ಸ್. ಇವುಗಳಲ್ಲಿ 1986ರದ್ದು ನನಗೆ ಇಷ್ಟ. ಏಳು ಪಂದ್ಯಗಳ ಫೈನಲ್‌ನಲ್ಲಿ ಮಿನೆಸೋಟ 3-1ರಿಂದ ಮುಂದಿತ್ತು. ಇನ್ನೊಂದು ಸೋತರೆ ಮನೆಗೆ. ಸಾಕರ್ಸ್ ಸಾಲಾಗಿ ಮೂರು ಗೆದ್ದು ಕಪ್ ಎತ್ತಿತು.

ಪಾಪ ಅನ್ನಿಸುವುದು ಬಾಲ್ಟಿಮೋರ್ ಬಗ್ಗೆ. ನಾಲ್ಕು ಫೈನಲ್ ಇವರ ಕೈಯಲ್ಲೇ ಸೋತರು. ಆ ದಶಕದಲ್ಲಿ ಅವರು ಒಂದು ಸಲ ಎಂಐಎಸ್‌ಎಲ್ ಗೆದ್ದರು, 1984ರಲ್ಲಿ. ಆ ವರ್ಷ ಸಾಕರ್ಸ್ ಬೇರೆ ಲೀಗ್‌ನಲ್ಲಿ ಆಡುತ್ತಿತ್ತು!

1987ರಲ್ಲಿ ಏನಾಯಿತು?

ಆ ಒಂದು ವರ್ಷ ಕಪ್ ಡಲ್ಲಾಸ್ ಸೈಡ್‌ಕಿಕ್ಸ್ ಪಾಲಾಯಿತು. ಫೈನಲ್ ಏಳನೇ ಪಂದ್ಯದ ತನಕ ಹೋಯಿತು. ಟಕೋಮಾ ಡೋಮ್‌ನಲ್ಲಿ 21,728 ಜನರ ಮುಂದೆ, ಹೆಚ್ಚುವರಿ ಸಮಯದಲ್ಲಿ, ಡಲ್ಲಾಸ್ 4-3ರಲ್ಲಿ ಟಕೋಮಾ ಸ್ಟಾರ್ಸ್ ತಂಡವನ್ನು ಸೋಲಿಸಿತು.

ಸಾಕರ್ಸ್ ಅಭಿಮಾನಿಗಳಿಗೆ ಇಲ್ಲಿ ಚುಚ್ಚುವ ವಿಷಯ ಬೇರೆ. ಟಕೋಮಾ ಪರ ಆಡುತ್ತಿದ್ದವರು ಸ್ಟೀವ್ ಝುಂಗುಲ್. ಹಿಂದಿನ ವರ್ಷ, ಸೀಸನ್ ಮಧ್ಯದಲ್ಲೇ, ಅವರನ್ನು ಟಕೋಮಾಗೆ ಕೊಟ್ಟಿದ್ದು ಸಾಕರ್ಸ್ ತಂಡವೇ.

ಝುಂಗುಲ್ ಅಷ್ಟು ದೊಡ್ಡ ಆಟಗಾರರಾ? ಹೆಸರೇ ಕೇಳಿಲ್ಲ.

ಕೇಳದಿರುವುದಕ್ಕೆ ಕಾರಣವಿದೆ. ಯುಗೋಸ್ಲಾವಿಯಾದ ಹೈದುಕ್ ಸ್ಪ್ಲಿಟ್ ತಂಡದ ಸ್ಟ್ರೈಕರ್. 1978ರಲ್ಲಿ ಅಮೆರಿಕಕ್ಕೆ ಬಂದವರು ವಾಪಸ್ ಹೋಗಲಿಲ್ಲ. ಅವರ ದೇಶದ ಫುಟ್‌ಬಾಲ್ ಸಂಸ್ಥೆ ಒಪ್ಪಲಿಲ್ಲ, ಹಾಗಾಗಿ ಫೀಫಾ ಅಡಿಯ ಹೊರಾಂಗಣ ಆಟಕ್ಕೆ ಅವರು ವರ್ಷಗಟ್ಟಲೆ ಇಳಿಯುವಂತಿರಲಿಲ್ಲ. ಒಳಾಂಗಣ ಲೀಗ್ ಫೀಫಾ ಅಂಕೆಯಲ್ಲಿ ಇರಲಿಲ್ಲ. ಅಲ್ಲಿ ಆಡಿದರು, ಅಲ್ಲೇ ರಾಜರಾದರು.

ನ್ಯೂಯಾರ್ಕ್ ಆರೋಸ್ ತಂಡಕ್ಕೆ ಎಂಐಎಸ್‌ಎಲ್‌ನ ಮೊದಲ ನಾಲ್ಕೂ ಕಪ್ ತಂದುಕೊಟ್ಟರು. ಎಂಐಎಸ್‌ಎಲ್‌ನಲ್ಲಿ ಅವರ ಗೋಲುಗಳು 600ಕ್ಕಿಂತ ಜಾಸ್ತಿ. ಸಾಕರ್ಸ್ ಪರ 1985ರ ಕಪ್ ಗೆದ್ದರು. ಟಕೋಮಾಗೆ ಹೋಗಿ ವಾಪಸ್ ಬಂದ ಮೇಲೆ 1989, 1990ರದ್ದೂ ಸಿಕ್ಕಿತು. ಗೋಲಿನ ಎದುರು ಗಲಾಟೆ ನಡೆಯುತ್ತಿದ್ದರೆ, ಗೋಡೆಯಿಂದ ಚೆಂಡು ಎಲ್ಲಿಗೆ ಪುಟಿಯುತ್ತದೋ ಅಲ್ಲಿ ಇವರು ಮೊದಲೇ ನಿಂತಿರುತ್ತಿದ್ದರು. ಓಟ ದೊಡ್ಡದಲ್ಲ, ಲೆಕ್ಕ ದೊಡ್ಡದು.

ಬೇರೆ ಯಾರೆಲ್ಲ ಆಡಿದರು?

ಕಜಿಮಿಯೆಜ್ ದೇಯ್ನಾ ಹೆಸರನ್ನು ಮೊದಲು ಹೇಳಬೇಕು. 1974ರ ವಿಶ್ವಕಪ್‌ನಲ್ಲಿ ಮೂರನೇ ಸ್ಥಾನ ಪಡೆದ ಪೋಲೆಂಡ್ ತಂಡದ ನಾಯಕ. 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಚಿನ್ನ, ಜೊತೆಗೆ 9 ಗೋಲು. ವಾರ್ಸಾದ ಲೆಗಿಯಾದಿಂದ ಮ್ಯಾಂಚೆಸ್ಟರ್ ಸಿಟಿಗೆ, ಅಲ್ಲಿಂದ 1981ರಲ್ಲಿ ಸ್ಯಾನ್ ಡಿಯಾಗೋಗೆ. ಇಲ್ಲಿಯೇ ನೆಲೆಸಿದರು. 1989ರ ಸೆಪ್ಟೆಂಬರ್ 1ರಂದು ಸ್ಯಾನ್ ಡಿಯಾಗೋದಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಾಗ ಅವರಿಗೆ 41 ವರ್ಷ. 2012ರಲ್ಲಿ ಅವರ ಅವಶೇಷಗಳನ್ನು ವಾರ್ಸಾಗೆ ಕೊಂಡೊಯ್ದು ಅಲ್ಲಿನ ಮಿಲಿಟರಿ ಸ್ಮಶಾನದಲ್ಲಿ ಇಟ್ಟರು. ಲೆಗಿಯಾ ಅವರ 10ನೇ ನಂಬರನ್ನು ಇನ್ಯಾರಿಗೂ ಕೊಡುವುದಿಲ್ಲ.

ಹಂಗೆರಿಯಿಂದ ಬಂದ ಜೂಲಿ ವೀ ಮತ್ತು ಗೋಲಿ ಝೋಲ್ಟಾನ್ ಟೋತ್, ಕೆನಡಾಗೆ 1986ರ ವಿಶ್ವಕಪ್ ಆಡಿದ ಬ್ರಾಂಕೋ ಶೆಗೋಟಾ, ಉರುಗ್ವೆಯಲ್ಲಿ ಹುಟ್ಟಿ ಅಮೆರಿಕ ತಂಡಕ್ಕೆ ಆಡಿದ ಫರ್ನಾಂಡೋ ಕ್ಲಾವಿಹೋ, ಬೆಲ್‌ಫಾಸ್ಟ್‌ನ ಬ್ರಯನ್ ಕ್ವಿನ್, ಮೊಜಾಂಬಿಕ್‌ನಲ್ಲಿ ಹುಟ್ಟಿದ ಗೋಲಿ ವಿಕ್ಟರ್ ನೊಗೇರಾ, ಇರಾಕ್ ಮೂಲದ ವಾದ್ ಹಿರ್ಮೆಜ್. ಎಲ್ ಸಾಲ್ವಡಾರ್‌ನಲ್ಲಿ ಹುಟ್ಟಿದ ಹ್ಯೂಗೋ ಪೆರೆಜ್ ಮುಂದೆ ಅದೇ ದೇಶದ ತಂಡಕ್ಕೆ ಕೋಚ್ ಆದರು. ಸ್ಥಳೀಯರೂ ಇದ್ದರು. ಸ್ಯಾನ್ ಡಿಯಾಗೋ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಆಡಿ ಬಂದ ಡಿಫೆಂಡರ್ ಕೆವಿನ್ ಕ್ರೋ ಹಲವು ಸಲ ಲೀಗ್‌ನ ಅತ್ಯುತ್ತಮ ಡಿಫೆಂಡರ್ ಅನ್ನಿಸಿಕೊಂಡರು.

ಇಷ್ಟೊಂದು ಗೆಲುವಿನ ಗುಟ್ಟೇನು? ಕೋಚ್?

ದೊಡ್ಡ ಪಾಲು ಹೌದು. ರಾನ್ ನ್ಯೂಮನ್, ಇಂಗ್ಲೆಂಡಿನವರು. ಪೋರ್ಟ್ಸ್‌ಮತ್, ಕ್ರಿಸ್ಟಲ್ ಪ್ಯಾಲೇಸ್ ಮುಂತಾದ ಕಡೆ ಆಡಿ 1967ರಲ್ಲಿ ಅಟ್ಲಾಂಟಾಕ್ಕೆ ಬಂದರು. ಡಲ್ಲಾಸ್ ಟೊರ್ನೇಡೋ ಕೋಚ್ ಆಗಿ 1971ರ ಎನ್‌ಎಎಸ್‌ಎಲ್ ಕಪ್ ಗೆದ್ದರು. 1980ರಲ್ಲಿ ಸಾಕರ್ಸ್ ಸೇರಿದರು. ಹತ್ತು ಕಪ್ಪಿಗೂ ಅವರೇ ಕೋಚ್. 1992ರಲ್ಲಿ ಅಮೆರಿಕದ ಫುಟ್‌ಬಾಲ್ ಹಾಲ್ ಆಫ್ ಫೇಮ್‌ಗೆ ಸೇರಿದರು, 2018ರಲ್ಲಿ ತೀರಿಕೊಂಡರು.

ಇನ್ನೊಂದು ಕಾರಣವನ್ನು ಜನ ಅಷ್ಟಾಗಿ ಹೇಳುವುದಿಲ್ಲ. 1984ರ ತನಕ ಈ ತಂಡ ಬೇಸಿಗೆಯಲ್ಲಿ ಹೊರಗೆ, ಚಳಿಗಾಲದಲ್ಲಿ ಒಳಗೆ, ವರ್ಷಪೂರ್ತಿ ಒಟ್ಟಿಗೆ ಆಡಿತು. ಒಳಾಂಗಣಕ್ಕೆ ಮಾತ್ರ ಅಂತ ಸೇರಿಸಿದ ತಂಡಗಳಿಗೆ ಈ ಹೊಂದಾಣಿಕೆ ಎಲ್ಲಿಂದ ಬರಬೇಕು? ಅಂಕಣದಲ್ಲಿ ಎರಡೆರಡು ನಿಮಿಷಕ್ಕೆ ಆಟಗಾರರು ಬದಲಾಗುತ್ತಾರೆ. ಓಡಿ ಬಂದವನು ಗೋಡೆ ಹಾರಿ ಹೊರಗೆ, ಇನ್ನೊಬ್ಬ ಒಳಗೆ, ಚೆಂಡು ಮಾತ್ರ ನಿಲ್ಲುವುದಿಲ್ಲ. ಯಾರು ಯಾರ ಜೊತೆ ಇಳಿದರೆ ಚೆನ್ನ ಅಂತ ಗೊತ್ತಿರುವ ತಂಡಕ್ಕೆ ಅಲ್ಲೇ ಅರ್ಧ ಗೆಲುವು. ಮತ್ತೆ, ಸ್ಯಾನ್ ಡಿಯಾಗೋ ಹವೆ. ಡಿಸೆಂಬರ್‌ನಲ್ಲಿ ಕ್ಲೀವ್‌ಲ್ಯಾಂಡ್ ಬೇಕಾ, ಇಲ್ಲಿ ಸಮುದ್ರದ ಪಕ್ಕ ಬೇಕಾ ಅಂತ ಯುರೋಪಿನ ಆಟಗಾರನನ್ನು ಕೇಳಿದರೆ ಏನು ಹೇಳಿಯಾನು?

ಹಾಗಾದರೆ ಮುಚ್ಚಿದ್ದೇಕೆ?

ತಂಡ ಸೋಲಲಿಲ್ಲ, ತಂಡ ಕಾಲಿಟ್ಟ ಲೀಗ್‌ಗಳು ಒಂದೊಂದಾಗಿ ಮುಳುಗಿದವು. ಎಂಐಎಸ್‌ಎಲ್‌ನಲ್ಲಿ ಆಟಗಾರರ ಸಂಬಳ ಏರುತ್ತಾ ಹೋಯಿತು, ಟಿವಿ ದುಡ್ಡು ಬರಲಿಲ್ಲ. ಟಿಕೆಟ್ ಮಾರಿದ ದುಡ್ಡಿನಲ್ಲಿ ಅಂಕಣದ ಬಾಡಿಗೆ, ವಿಮಾನ, ಸಂಬಳ ಎಲ್ಲ ತೂಗಿಸಬೇಕು. ಆಗುತ್ತದಾ? 1988ರಲ್ಲಿ ಸಂಬಳಕ್ಕೆ ಮಿತಿ ಹಾಕುವ ಜಗಳದಲ್ಲಿ ಲೀಗ್ ಉಳಿಯುವುದೇ ಅನುಮಾನವಾಗಿತ್ತು. ಆ ಬೇಸಿಗೆಯಲ್ಲಿ ಷಿಕಾಗೋ, ಮಿನೆಸೋಟ, ಸೇಂಟ್ ಲೂಯಿಸ್, ಕ್ಲೀವ್‌ಲ್ಯಾಂಡ್ ತಂಡಗಳು ಮುಚ್ಚಿದವು. ಕ್ಲೀವ್‌ಲ್ಯಾಂಡ್ ಫೋರ್ಸ್ ಅಂದರೆ ಅದೇ ವರ್ಷ ಸಾಕರ್ಸ್ ವಿರುದ್ಧ ಫೈನಲ್ ಆಡಿದ ತಂಡ! ಫೈನಲ್ ಆಡಿದ ಕೆಲವೇ ವಾರಗಳಲ್ಲಿ ತಂಡವೇ ಇಲ್ಲ.

ಸಾಕರ್ಸ್ ಒಡೆತನವೂ ಕೈ ಬದಲಾಯಿತು. ಬಾಬ್ ಬೆಲ್ ನಂತರ 1987ರಿಂದ 1991ರ ತನಕ ರಾನ್ ಫೌಲರ್ ಬಳಗ ನಡೆಸಿತು. ಈ ಫೌಲರ್ ಮುಂದೆ ಬೇಸ್‌ಬಾಲ್‌ನ ಪಾಡ್ರೆಸ್ ತಂಡಕ್ಕೂ ಯಜಮಾನರಾದರು. 1992ರಲ್ಲಿ ಲೀಗ್‌ನಲ್ಲಿ ಉಳಿದಿದ್ದು ಏಳೇ ತಂಡ. ಸಾಕರ್ಸ್ ಹತ್ತನೇ ಕಪ್ ಎತ್ತಿದ ಬೆನ್ನಿಗೇ, ಜುಲೈನಲ್ಲಿ ಲೀಗ್ ಮುಚ್ಚಿತು. ಆಮೇಲೆ ಬೇಸಿಗೆಯಲ್ಲಿ ನಡೆಯುವ ಕಾಂಟಿನೆಂಟಲ್ ಇಂಡೋರ್ ಸಾಕರ್ ಲೀಗ್‌ಗೆ ಹೋದರು. 1996ರ ಸೀಸನ್ ಮುಗಿದ ಮೇಲೆ ತಂಡವೂ ನಿಂತಿತು.

ಆಡಳಿತ ಸರಿ ಇರಲಿಲ್ಲ ಅಂತ ಸುಲಭವಾಗಿ ಹೇಳಿಬಿಡುವವರಿದ್ದಾರೆ. ನನಗೆ ಪೂರ್ತಿ ಹಾಗನ್ನಿಸುವುದಿಲ್ಲ. ಒಂದೇ ತಂಡ ವರ್ಷ ವರ್ಷವೂ ಗೆಲ್ಲುವುದು ಆ ಊರಿಗೇ ಹಬ್ಬ, ಉಳಿದ ಊರುಗಳಿಗೆ ಬೇಜಾರು. ಚಿಕ್ಕ ಲೀಗ್‌ಗೆ ಅದನ್ನು ತಾಳಿಕೊಳ್ಳುವ ಶಕ್ತಿ ಇರುವುದಿಲ್ಲ.

ಈಗಿರುವ ತಂಡ ಅದೇ ತಂಡವಾ?

ಹೆಸರು ಅದೇ, ಬಣ್ಣ ಅದೇ, ಕಂಪನಿ ಬೇರೆ. 2001ರಲ್ಲಿ ಒಂದು ಸಲ ಸಾಕರ್ಸ್ ಮತ್ತೆ ಹುಟ್ಟಿತು. 2002ರಲ್ಲಿ ಎಂಐಎಸ್‌ಎಲ್ ಹೆಸರಿನ ಎರಡನೇ ಲೀಗ್ ಸೇರಿ, 2004-05ರ ಸೀಸನ್ ಮಧ್ಯದಲ್ಲೇ ಬಾಗಿಲು ಹಾಕಿತು. ಆ ಅಧ್ಯಾಯದಲ್ಲಿ ಕಪ್ ಇಲ್ಲ.

ಈಗಿನ ತಂಡ ಶುರುವಾಗಿದ್ದು 2009ರಲ್ಲಿ, ಪಿಎಎಸ್‌ಎಲ್ ಅನ್ನುವ ಚಿಕ್ಕ ಲೀಗ್‌ನಲ್ಲಿ. ಆಡಿದ್ದು ಡೆಲ್ ಮಾರ್ ಜಾತ್ರೆ ಮೈದಾನದ ಅಂಕಣದಲ್ಲಿ, ಕುದುರೆ ಪ್ರದರ್ಶನ ನಡೆಯುವ ಜಾಗ. ಕೋಚ್ ಫಿಲ್ ಸಾಲ್ವಾಜಿಯೋ. 2010ರಿಂದ 2013ರ ತನಕ ಸಾಲಾಗಿ ನಾಲ್ಕು ಕಪ್. ಇದೇ ಅವಧಿಯಲ್ಲಿ ಸತತ 48 ಪಂದ್ಯ ಗೆದ್ದರು. 2014ರಿಂದ ಮೇಜರ್ ಅರೆನಾ ಸಾಕರ್ ಲೀಗ್‌ನಲ್ಲಿದ್ದಾರೆ. ಅಲ್ಲಿ 2021ರಲ್ಲಿ ಒಂಟಾರಿಯೋ ಫ್ಯೂರಿ, 2022ರಲ್ಲಿ ಫ್ಲಾರಿಡಾ ಟ್ರಾಪಿಕ್ಸ್ ವಿರುದ್ಧ ಗೆದ್ದರು.

ಅಂದರೆ ಒಟ್ಟು 16 ಕಪ್. ಈ ಲೆಕ್ಕ ನ್ಯಾಯವಾ?

2022ರ ತನಕ ತಂಡ ಹೇಳಿಕೊಳ್ಳುವ ಲೆಕ್ಕ ಅದೇ, 10 ಜೊತೆ 4 ಜೊತೆ 2. ನನ್ನನ್ನು ಕೇಳಿದರೆ ಎಲ್ಲವನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು. ಮೊದಲ ಹತ್ತರ ಕಾಲದಲ್ಲಿ ವಿಶ್ವಕಪ್ ಆಡಿದವರು ಎರಡೂ ಕಡೆ ಇರುತ್ತಿದ್ದರು. ಪಿಎಎಸ್‌ಎಲ್‌ನ ಎದುರಾಳಿಗಳು ಆ ಮಟ್ಟದವರಲ್ಲ. ಆದರೆ ಹಳೆಯ ಅಭಿಮಾನಿ ಮಗನನ್ನೋ ಮೊಮ್ಮಗಳನ್ನೋ ಕರೆದುಕೊಂಡು ಹೋಗಿ ಅದೇ ಹೆಸರು ಕೂಗುತ್ತಾನೆ. ಅವನ ಮುಂದೆ ಕಂಪನಿ ಕಾಗದ ಹಿಡಿದು ವಾದ ಮಾಡಿ ಏನು ಪ್ರಯೋಜನ? ಸ್ಯಾನ್ ಡಿಯಾಗೋದವರ ಕಷ್ಟವೂ ಗೊತ್ತಿರಲಿ. ಪಾಡ್ರೆಸ್ ಇವತ್ತಿಗೂ ಬೇಸ್‌ಬಾಲ್‌ನ ದೊಡ್ಡ ಕಪ್ಪಾದ ವರ್ಲ್ಡ್ ಸೀರೀಸ್ ಗೆದ್ದಿಲ್ಲ. ಅಮೆರಿಕನ್ ಫುಟ್‌ಬಾಲ್ ತಂಡ ಚಾರ್ಜರ್ಸ್ 1963ರಲ್ಲಿ ಒಂದು ಸಲ ಲೀಗ್ ಗೆದ್ದು, 2017ರಲ್ಲಿ ಲಾಸ್ ಏಂಜಲೀಸ್‌ಗೆ ಗಂಟು ಮೂಟೆ ಕಟ್ಟಿದರು. ಕಪ್ ಎಣಿಸಬೇಕು ಅಂದರೆ ಆ ಊರಿಗೆ ಇರುವುದು ಸಾಕರ್ಸ್.

ಲ್ಯಾಂಡನ್ ಡಾನವನ್ ಆಡಿದ್ದು ನಿಜವಾ?

ನಿಜ. ಅಮೆರಿಕ ಪರ 57 ಗೋಲು ಹೊಡೆದ ಅದೇ ಡಾನವನ್, 2019ರ ಫೆಬ್ರವರಿಯಲ್ಲಿ ಸಾಕರ್ಸ್ ಸೇರಿದರು. ಸ್ವಲ್ಪ ಕಾಲವಷ್ಟೇ ಆಡಿದರು. ಒಳಾಂಗಣ ಆಟದ ಹೆಸರು ಮತ್ತೆ ಪತ್ರಿಕೆಗಳ ಕ್ರೀಡಾಪುಟಕ್ಕೆ ಬಂತು, ಅದಂತೂ ಲಾಭ.

ಕೆಲಸಕ್ಕೆ ಸ್ಯಾನ್ ಡಿಯಾಗೋದಲ್ಲಿದ್ದೇನೆ. ಎಲ್ಲಿ ನೋಡಬಹುದು?

ಹಳೆಯ ಕಪ್‌ಗಳನ್ನು ಗೆದ್ದ ಸ್ಪೋರ್ಟ್ಸ್ ಅರೆನಾ 1966ರಲ್ಲಿ ಕಟ್ಟಿದ್ದು, ಈಗ ಪೆಚಂಗಾ ಅರೆನಾ ಅನ್ನುತ್ತಾರೆ. ಹೊಸ ತಂಡವೂ ಕೆಲವು ವರ್ಷ ಅಲ್ಲಿ ಆಡಿತು. 2024ರಿಂದ ಆಟ ಓಷನ್‌ಸೈಡ್‌ನ ಫ್ರಂಟ್‌ವೇವ್ ಅರೆನಾಗೆ ಹೋಗಿದೆ, ನಗರದಿಂದ ಸುಮಾರು 60 ಕಿ.ಮೀ. ಉತ್ತರಕ್ಕೆ. ಸೀಸನ್ ಚಳಿಗಾಲದಲ್ಲಿ. ಸಾಧ್ಯವಾದರೆ ಗೋಲಿನ ಹಿಂದೆ ಕೂರಬೇಡಿ, ಗಾಜಿನ ಮೂಲಕ ಅರ್ಧ ಆಟ ಕಾಣುವುದಿಲ್ಲ. ಉದ್ದದ ಬದಿಯಲ್ಲಿ, ನಾಲ್ಕೈದು ಸಾಲು ಮೇಲೆ ಕೂತರೆ ಗೋಡೆಯಿಂದ ಚೆಂಡು ಯಾವ ಕೋನಕ್ಕೆ ಹೋಗುತ್ತದೆ ಅಂತ ಚೆನ್ನಾಗಿ ಗೊತ್ತಾಗುತ್ತದೆ. ತಡವಾಗಿ ಹೋಗಬೇಡಿ, ಮೊದಲ ನಿಮಿಷದಲ್ಲೇ ಗೋಲ್ ಬೀಳುವುದು ಇಲ್ಲಿ ಮಾಮೂಲಿ.